ಸೆರಗಿನ ಕೆಳಗೆ ಮಡಚಿದ ಬೆರಳು

೧೯೪೩ರಲ್ಲಿ ನಾನು ಮದ್ದೂರು, ಮಳವಳ್ಳಿ ಕಡೆಯ ಸಂತೆಗಳಲ್ಲಿ ದನದ ದಲ್ಲಾಳಿಯಾಗಿದ್ದೆ. ನಮ್ಮ ಕಸುಬಿನಲ್ಲಿ ಬೆಲೆಯನ್ನು ಬಾಯಿಬಿಟ್ಟು ಹೇಳುವುದಿಲ್ಲ. ಇಬ್ಬರ ಕೈ ಮೇಲೆ ಟವೆಲು ಹೊದಿಸಿ, ಬೆರಳು ಅದುಮಿ ತಿಳಿಸುತ್ತೇವೆ. ಪಳಗಿದವನು ಎದುರಿನವನ ಮುಂಗೈ ನರ ನೋಡಿಯೇ ಒಳಗೆ ಯಾವ ಬೆರಳು ಆಡಿತೆಂದು ಹೇಳಬಲ್ಲ. ಮೂರನೇ ಕ್ಲಾಸಿಗೇ ಶಾಲೆ ಬಿಟ್ಟ ನಾನು ಮನೆ ಕಟ್ಟಿದ್ದು ಈ ವಿದ್ಯೆಯಿಂದಲೇ.

ಜಗಳವನ್ನೂ ವ್ಯಾಪಾರದಂತೆ ಕುದುರಿಸುತ್ತೇನೆಂಬ ಹೆಸರು ನನಗಿತ್ತು. ಹಾಗಾಗಿ ಯಲಿಯೂರಿನ ಚಿಕ್ಕಣ್ಣ ನನ್ನಲ್ಲಿಗೆ ಬಂದ. ಬೆಸಗರಹಳ್ಳಿ ಕಡೆಗೆ ಕೊಟ್ಟಿದ್ದ ಅವನ ತಂಗಿ ಕೆಂಪಮ್ಮ ಏಟು ತಾಳಲಾರದೆ ತವರಿಗೆ ಓಡಿಬಂದಿದ್ದಳು. ನಾನು ಗಂಡ ನಂಜನನ್ನು ಕರೆಸಿದೆ. ಅವನು ಹೊಡೆಯಬಾರದು, ಅವಳು ಓಡಿಬರಬಾರದು, ಇಬ್ಬರಿಗೂ ಸಮ. ಐದು ಜನರ ಮುಂದೆ ಒಪ್ಪಿಸಿ, ಅವಳನ್ನು ಅವನ ಗಾಡಿ ಹತ್ತಿಸಿದೆ. ಒಂದೇ ಬೆಳಗಿನಲ್ಲಿ ಮುಗಿಸಿದೆನೆಂದು ಬೀಗಿದ್ದೂ ಉಂಟು.

ಆಮೇಲೆ ಮೂರು ತಿಂಗಳು ಚಿಕ್ಕಣ್ಣನಿಗೆ ತಂಗಿಯ ಮುಖವೇ ಕಾಣಲಿಲ್ಲ. ಹೋದಾಗಲೆಲ್ಲ ನಂಜ ಬಾಗಿಲಲ್ಲೇ ನಿಂತು, "ಮಲಗವ್ಳೆ, ಏಳುಸ್ಬ್ಯಾಡ," ಎಂದು ಕಳಿಸುತ್ತಿದ್ದ. ಕೊನೆಗೆ ಎತ್ತು ನೋಡುವ ನೆಪದಲ್ಲಿ ನಾವಿಬ್ಬರೂ ಒಂದು ಮಧ್ಯಾಹ್ನ ಹೋದೆವು.

ನಂಜ ನಗುತ್ತಲೇ ಕೂರಿಸಿದ. ನೀರು ತಂದ ಕೆಂಪಮ್ಮ ಅಣ್ಣನಿಗೆ ಚೊಂಬು ಕೊಡುವ ಮುಂಚೆ ಗಂಡನ ಕಣ್ಣು ನೋಡಿದಳು. ರಾಗಿ ಪೆಟ್ಟಿಗೆಯ ಬೀಗದಕೈ ಅವನ ಉಡಿದಾರದಲ್ಲಿತ್ತು. ಹಿತ್ತಲ ಬಾಗಿಲಿಗೆ ಮುಳ್ಳುಕಂಟಿ ಜಡಿದಿತ್ತು.

"ಊರೆಂಗುಸ್ರು ಮಾತು ಕೇಳಿ ಕೆಡ್ತಾಳೆ ಕಣಣ್ಣ. ಅದ್ಕೆ ಬಾವಿ ನೀರೂ ನಾನೇ ತತ್ತೀನಿ," ಎಂದ ನಂಜ. ಎಂಥ ಮುತುವರ್ಜಿಯ ಗಂಡ ಎನ್ನಬೇಕು, ಹಾಗಿತ್ತು ಮಾತು.

"ನೀನೇ ಯೋಳವ್ವ, ಚೆಂದಾಗಿದ್ದೀಯಾ?" ಚಿಕ್ಕಣ್ಣ ಕೇಳಿದ.

ನಂಜ ಪಕ್ಕಕ್ಕೆ ಸರಿದು, ಸೆರಗಿನ ಕೆಳಗೆ ಅವಳ ಕೈ ಹಿಡಿದ. "ಯೋಳು, ನಿಮ್ಮಣ್ಣ ಅಲ್ವಾ."

"ಚೆಂದಾಗಿವ್ನಿ ಕಣಣ್ಣ."

ನಾನು ಅವಳ ಮುಖ ನೋಡುತ್ತಿರಲಿಲ್ಲ. ನಂಜನ ಮುಂಗೈ ನರ ಎದ್ದಿತ್ತು. ಅವಳ ಬೆರಳನ್ನು ಹಿಂದಕ್ಕೆ ಮಡಚುತ್ತಿದ್ದ.

"ಚಿಕ್ಕಣ್ಣ, ಆ ಸೆರಗು ಎತ್ಲಾ," ಎಂದೆ.

ಎರಡು ಬೆರಳು ಬದನೆಕಾಯಿಯಂತೆ ಊದಿದ್ದವು. ಇನ್ನೊಂದು ಹಿಂದೆಂದೋ ಮುರಿದು ಸೊಟ್ಟಗೆ ಕೂಡಿಕೊಂಡಿತ್ತು.

ನಂಜ ಗೋಡೆಗೆ ಒರಗಿಸಿದ್ದ ಗೂಟ ತೆಗೆದು ನನ್ನ ದವಡೆಗೆ ಬೀಸಿದ. ಎರಡು ಹಲ್ಲು ಬಾಯಲ್ಲೇ ಉದುರಿದವು. ಅಡ್ಡ ಬಂದ ಚಿಕ್ಕಣ್ಣನ ಎದೆಗೆ ಒದ್ದು, ಕೆಂಪಮ್ಮನ ಜುಟ್ಟು ಹಿಡಿದು ತಲೆಯನ್ನು ಕಂಬಕ್ಕೆ ಅಪ್ಪಳಿಸಿದ. ಮತ್ತೆ ಅಪ್ಪಳಿಸಿದ. ಬೀದಿಯಲ್ಲಿ ಜನ ಸೇರಿದ್ದರು.

"ಗಂಡ ಎಂಡ್ರು ಯವಾರ, ನಮಗ್ಯಾಕ್ಲಾ," ಎಂದೊಬ್ಬ ಹೇಳಿದ್ದು ಸ್ಪಷ್ಟವಾಗಿ ಕೇಳಿಸಿತು.

ಕೆಂಪಮ್ಮನ ಎಡಗೈಗೆ ಒಲೆಯ ಬಳಿಯ, ಮುದ್ದೆ ತೊಳಸುವ ಹಿಟ್ಟಿನ ದೊಣ್ಣೆ ಸಿಕ್ಕಿತು. ಜುಟ್ಟು ಹಿಡಿದಿದ್ದ ಮಣಿಕಟ್ಟಿನ ಮೇಲೆ ಹೊಡೆದಳು. ಮೂಳೆ ಮುರಿದ ಸದ್ದಾಯಿತು.

"ಕೈ ಬುಡು," ಎಂದಳು, ಅಷ್ಟೇ.

ನಂಜ ಕುಸಿದು ಕೂತ. ಆಗಲೂ ನನ್ನ ಕಡೆಗೇ ತಿರುಗಿ, "ನೀನೇ ಒಂದ್ಮಾತು ಯೋಳಣ್ಣ, ಇನ್ಮ್ಯಾಕೆ ಮುಟ್ಟಾಕಿಲ್ಲ. ಇಬ್ರಿಗೂ ಆಗಂಗೆ ಮಾಡು," ಎಂದ.

"ಇದ್ರಾಗೆ ಚೌಕಾಸಿ ಇಲ್ಲ ಕಣ್ಲಾ," ಎಂದು ರಕ್ತ ಉಗುಳಿದೆ.

ಅವಳನ್ನು ಗಾಡಿಯಲ್ಲಿ ಮಂಡ್ಯದ ಆಸ್ಪತ್ರೆಗೆ ಕರೆದೊಯ್ದೆವು. ಕಂಪೌಂಡರು ಬ್ಯಾಂಡೇಜು ಸುತ್ತುವಾಗ ಅವಳು ನನ್ನನ್ನು ಕೇಳಿದಳು: "ಅವತ್ತು ಐದ್ ಜನ ಕೂತು ಒಪ್ಪುಸುದ್ರಲ್ಲಣ್ಣ, ನನ್ನ ಒಬ್ರಾದ್ರೂ ಕೇಳುದ್ರಾ?"

ಕೇಳಿರಲಿಲ್ಲ. ದನ ಕೈ ಬದಲಿಸುವಾಗ ದನವನ್ನು ಕೇಳುವ ಪದ್ಧತಿ ನಮ್ಮಲ್ಲಿಲ್ಲ. ಅವಳನ್ನೂ ಹಾಗೆಯೇ ಗಾಡಿ ಹತ್ತಿಸಿದ್ದೆ.

ನ್ಯಾಯ ಹೇಳಲು ಹೋಗುವವರಿಗೆ ನನ್ನ ಬುದ್ಧಿಮಾತು ಇಷ್ಟೇ. ಬಾಸುಂಡೆ ಕಾಣಲಿ ಎಂದು ಕಾಯಬೇಡಿ. ಬಾಯಿ ತೆರೆಯುವ ಮುಂಚೆ ಅವಳು ಯಾರ ಕಣ್ಣು ನೋಡುತ್ತಾಳೆ, ಬಾವಿಗೆ ಹೋಗಲಾದರೂ ಬಿಟ್ಟಿದ್ದಾನಾ, ಅದನ್ನು ಗಮನಿಸಿ. ಅವನಿಲ್ಲದ ಕಡೆ ಕೂರಿಸಿ ಕೇಳಿ. ಗಂಡನ ಮನೆಗೆ ಹೋಗುವುದಿಲ್ಲ ಎಂದಳೋ, ಮಾತು ಅಲ್ಲಿಗೆ ಮುಗಿಯಿತು. ಚೌಕಾಸಿಗೆ ಕೂರದೆ ಎದ್ದು ಬನ್ನಿ.