ಗೇಣಷ್ಟು ಇಳಿದ ಗಾಜು

ನಾನು ಕೆಲಸದಲ್ಲಿದ್ದಷ್ಟು ಕಾಲವೂ ಬೇರೆಯವರ ದಿನಚರಿ ಬರೆದವನು. ಅದರಲ್ಲಿ ಕೊನೆಯ ಹತ್ತೊಂಬತ್ತು ವರ್ಷ ಆಪ್ತ ಸಹಾಯಕನಾಗಿ ಒಬ್ಬರದೇ. ಅವರು ಹಾಲಿನ ಸಂಘದ ಕಾರ್ಯದರ್ಶಿಯಾಗಿ ಶುರು ಮಾಡಿ, ಜಿಲ್ಲಾ ಪಂಚಾಯಿತಿ ದಾಟಿ, ಎರಡು ಚುನಾವಣೆ ಸೋತು, ಮೂರನೆಯದರಲ್ಲಿ ಶಾಸಕರಾಗಿ, ಅರವತ್ತು ತುಂಬುವ ಹೊತ್ತಿಗೆ ಸಚಿವರಾದರು. ಬೆಳಿಗ್ಗೆ ಐದೂಮುಕ್ಕಾಲಿಗೆ ನಾನು ಅವರ ಮನೆಯಲ್ಲಿರಬೇಕು. ಆರಕ್ಕೆ ಪ್ರವಾಸದ ಪಟ್ಟಿ ಮೂರು ಪ್ರತಿ ಸಿದ್ಧವಾಗಬೇಕು. ಒಂದು ಅವರ ಜೇಬಿಗೆ, ಒಂದು ಡ್ರೈವರನಿಗೆ, ಒಂದು ನನಗೆ. ಒಂದು ದಿನವೂ ಇದು ತಪ್ಪಿದ್ದಿಲ್ಲ.

ಅರ್ಜಿ ತೆಗೆದುಕೊಳ್ಳುವುದಕ್ಕೂ ಅವರದೊಂದು ಕ್ರಮವಿತ್ತು. ಬಾಯಲ್ಲಿ ಮಾತು ಕೊಟ್ಟು ನಡೆಸದೆ ಹೋದದ್ದರಿಂದಲೇ ಮೊದಲ ಚುನಾವಣೆ ಸೋತೆ ಎಂದು ಅವರು ನಂಬಿದ್ದರು. ಆಮೇಲೆ ಅರ್ಜಿದಾರರ ಜೊತೆ ಮಾತೇ ಇಲ್ಲ. ಊರಿನ ಹತ್ತಿರ ಬರುತ್ತಲೇ ಕಾರು ನಿಧಾನವಾಗುತ್ತಿತ್ತು. ಹಿಂದಿನ ಸೀಟಿನ ಎಡಗಡೆಯ ಗಾಜು ಒಂದು ಗೇಣು ಇಳಿಯುತ್ತಿತ್ತು. ಪರದೆಯ ಸಂದಿನಿಂದ ಹವಳದ ಉಂಗುರ ತೊಟ್ಟ ಬಲಗೈ ಹೊರಬಂದು ಕಾಗದ ಹಿಡಿದು, ಕೊಟ್ಟವರ ಬೆರಳನ್ನು ಒಮ್ಮೆ ಒತ್ತಿ ಒಳಗೆ ಹೋಗುತ್ತಿತ್ತು. ಎಂಟು ದಿನದೊಳಗೆ ಉತ್ತರ ಹೋಗುತ್ತಿತ್ತು. ನನ್ನ ಟೈಪು, ಅವರ ಸಹಿ. ಜನ ಇದಕ್ಕೆ ಎಷ್ಟು ಒಗ್ಗಿದ್ದರೆಂದರೆ ಮುಖ ಕಾಣಲಿಲ್ಲವೆಂದು ಯಾರೂ ದೂರಿದ್ದಿಲ್ಲ.

ಸಚಿವರಾಗಿ ಹನ್ನೊಂದನೆಯ ತಿಂಗಳಲ್ಲಿ ಒಂದು ಬೆಳಿಗ್ಗೆ ನಾನು ಹೋದಾಗ ಅವರು ಮಂಚದ ಮೇಲೆ ಕೂತಿದ್ದರು. ಅಂಗಿಯ ಎಡತೋಳು ಹಾಕಿಕೊಂಡಿದ್ದರು, ಬಲತೋಳು ಖಾಲಿಯಾಗಿ ನೇತಾಡುತ್ತಿತ್ತು. ನನ್ನನ್ನು ನೋಡಿ ಬಾಯಿ ತೆರೆದರು. ಮಾತು ಬರಲಿಲ್ಲ.

ಡಾಕ್ಟರು ಪಾರ್ಶ್ವವಾಯು ಅಂದರು. ಮಾತು ಎರಡು ತಿಂಗಳಲ್ಲಿ ಮರಳಬಹುದು, ಕೈಯ ಬಗ್ಗೆ ಹೇಳಲಾಗದು. ಆದರೆ ಮುಂದಿನ ತಿಂಗಳೇ ಸಂಪುಟ ಬದಲಾಗುವ ಸುದ್ದಿಯಿತ್ತು. ಅವರ ಹೆಂಡತಿ ನನ್ನನ್ನು ಪಡಸಾಲೆಗೆ ಕರೆದರು.

"ಇಪ್ಪತ್ತೈದು ವರ್ಷ ಕಾದಿದಾರೆ ಕಣಪ್ಪ ಈ ಕುರ್ಚಿಗೆ. ಹಾಸಿಗೆ ಹಿಡಿದಿದಾರೆ ಅಂತ ಗೊತ್ತಾದ್ರೆ ನಾಳೇನೇ ತೆಗೆದುಹಾಕ್ತಾರೆ. ಕುರ್ಚಿ ಹೋದ್ರೆ ಇವ್ರು ಎದ್ದೇಳಲ್ಲ, ನಂಗೊತ್ತು. ಕಾರು ಓಡಾಡ್ತಾ ಇರ್ಲಿ. ಇವ್ರ ಜಾಗದಲ್ಲಿ ನೀನು ಕೂತ್ಕೋ."

ನಾನು ಕೋಣೆಗೆ ಹೋಗಿ ಅವರ ಮುಖ ನೋಡಿದೆ. ಅವರು ನನ್ನ ಬಲಗೈ ನೋಡುತ್ತಿದ್ದರು. ನಮ್ಮಿಬ್ಬರದೂ ಒಂದೇ ವಯಸ್ಸು, ಒಂದೇ ಬಣ್ಣ. ಅವರು ತಮ್ಮ ಸತ್ತ ಬೆರಳಿನಿಂದ ಆ ಹವಳದ ಉಂಗುರವನ್ನು ಎಡಗೈಯಲ್ಲಿ ತಿರುಗಿಸಿ ತಿರುಗಿಸಿ ತೆಗೆದು ನನ್ನ ಮುಂದೆ ಹಿಡಿದರು.

ಮೊದಲ ದಿನ ಶಿಡ್ಲಘಟ್ಟ. ಗೂಡಿನ ಮಾರುಕಟ್ಟೆಯ ರಸ್ತೆಯಲ್ಲಿ ಹತ್ತು ಗಂಟೆಯ ಬಿಸಿಲು. ಪರದೆ ಎಳೆದ ಕಾರಿನಲ್ಲಿ ಅವರ ಜಾಗದಲ್ಲಿ ಕೂತು ಗಾಜನ್ನು ಒಂದು ಗೇಣು ಇಳಿಸಿದೆ. ರೇಷ್ಮೆಗೂಡಿನ ಹಸಿ ವಾಸನೆ ಒಳಗೆ ಬಂತು, ಹಿಂದೆಯೇ ಒಂದು ಕಾಗದ. ಹಿಡಿದೆ, ಬೆರಳು ಒತ್ತಿದೆ, ಕೈ ಎಳೆದುಕೊಂಡೆ. ಹದಿನಾಲ್ಕು ಅರ್ಜಿ ಬಂದವು. ಯಾರಿಗೂ ಅನುಮಾನ ಬರಲಿಲ್ಲ. ಉತ್ತರಗಳಿಗೆ ಸಹಿಯೂ ಬೇಕಲ್ಲ. ಹಳೆಯ ಪಟ್ಟಿಗಳ ಬೆನ್ನಿಗೆ ಬರೆದು ಬರೆದು ಕಲಿತೆ. ಮೂರನೆಯ ದಿನಕ್ಕೆ ಯಾವುದು ಅವರದು, ಯಾವುದು ನನ್ನದು ಎಂದು ಹೇಳಲು ನನಗೇ ತಾರೀಖು ನೋಡಬೇಕಾಯಿತು.

ಎರಡನೆಯ ವಾರ ಗೌರಿಬಿದನೂರಿಗೆ ಹೋದೆವು. ಮರುದಿನ ಡ್ರೈವರ್ ಕಾರು ಒರೆಸುತ್ತಾ ನನ್ನ ಕಡೆ ವಾರೆಯಾಗಿ ನೋಡಿದ.

"ಏನ್ ಸಾರ್, ಮಾತಾಡಕ್ಕೂ ಶುರು ಹಚ್ಕೊಂಡ್ರಾ?"

"ಯಾರು?"

"ನೀವೇ. ಅಲೀಪುರದ ಕ್ರಾಸ್‌ನಲ್ಲಿ ಟೀ ಅಂಗಡಿ ಇದ್ಯಲ್ಲ, ಅಲ್ಲಿನ ಸಾಬ್ರು ಸಿಕ್ಕಿದ್ರು. 'ನಿಮ್ ಮಿನಿಸ್ಟ್ರು ನಿನ್ನೆ ನನ್ ಮಗಳ ಕಾಲು ಹೆಂಗಿದೆ ಅಂತ ಕೇಳಿದ್ರು ಭಾಯ್, ಆವಾಜ್ ಸ್ವಲ್ಪ ಮೆತ್ತಗಿತ್ತು' ಅಂದ್ರು. ಅಳ್ತಾ ಇದ್ರು ಪಾಪ."

"ನಾನು ತುಟಿ ಬಿಚ್ಚಿಲ್ಲ. ನೀನು ಮುಂದೇನೇ ಇದ್ಯಲ್ಲ."

ಅವನು ಒರೆಸುವುದನ್ನು ನಿಲ್ಲಿಸಿದ. "ಅದ್ಕೇ ಕೇಳ್ದೆ ಸಾರ್," ಅಂದ.

ಒಬ್ಬರ ಭ್ರಮೆ ಎಂದುಕೊಂಡೆ. ಆದರೆ ಚಿಂತಾಮಣಿಯಲ್ಲಿ ಒಬ್ಬ ತರಕಾರಿ ವ್ಯಾಪಾರಿ ಅದನ್ನೇ ಹೇಳಿದ. ಜಂಗಮಕೋಟೆಯಲ್ಲಿ ಹಾಲು ಹಾಕುವ ಹೆಂಗಸೊಬ್ಬಳೂ ಹೇಳುತ್ತಿದ್ದಾಳೆಂದು ಕೇಳಿ, ಒಂದು ಭಾನುವಾರ ಉಂಗುರ ತೆಗೆದಿಟ್ಟು ಬಸ್ಸಿನಲ್ಲಿ ಹೋದೆ. ಅವಳು ಡೈರಿಯ ಮುಂದೆ ಕ್ಯಾನು ತೊಳೆಯುತ್ತಿದ್ದಳು. ಸಾಹೇಬರ ಕಚೇರಿಯವನು ಎಂದು ಹೇಳಿ ಕೇಳಿದೆ.

"ಸಾಹೇಬ್ರು ನಿನ್ನ ಹತ್ರ ಮಾತಾಡಿದ್ದು ನಿಜವೇನಮ್ಮ?"

"ನಿಜಂಗಾ! 'ಹಸು ಈದ ಮೇಲೆ ಗಿಣ್ಣು ಕಳ್ಸಮ್ಮ' ಅಂದ್ರು. ಇಷ್ಟು ವರ್ಷ ಕೈ ಒಂದೇ ನೋಡಿದ್ದು, ಈವಾಗ ದನಿ ಕೇಳ್ದೆ. ಪುಣ್ಯ ಮಾಡಿದ್ದೆ. ನೀವು ಅವತ್ತು ಎಲ್ಲಿದ್ರಿ?"

"ಕಾರಲ್ಲೇ ಇದ್ದೆ."

"ಕಾರಲ್ಲೇ ಇದ್ದು ಕೇಳಿಸ್ಲಿಲ್ವಾ? ಅಯ್ಯೋ, ಕಿವಿ ತೋರಿಸ್ಕೊಳಿ ಸಾರ್," ಎಂದು ನಕ್ಕಳು.

ಆ ಸಂಜೆ ಐದೂವರೆಗೆ ಎಂದಿನಂತೆ ಅರ್ಜಿಗಳನ್ನು ಓದಿ ಹೇಳಲು ಅವರ ಮಂಚದ ಪಕ್ಕ ಕೂತೆ. ಆ ಹೆಂಗಸಿನ ಅರ್ಜಿ ಕೊಟ್ಟಿಗೆಯ ಸಾಲದ ಬಗ್ಗೆ. ಅದರಲ್ಲಿ ಬೇರೇನೂ ಇರಲಿಲ್ಲ. ನಾನು ಅವಳ ಊರು ಹೇಳಿದೆ, ಅಷ್ಟೆ. ಅವರು ಎಡಗೈಯನ್ನು ಬಟ್ಟಲಿನಂತೆ ಮಾಡಿ ತುಟಿಗೆ ಒಯ್ದು, ಏನನ್ನೋ ಚಪ್ಪರಿಸಿದರು. ಬಾಯಾರಿಕೆಯೇನೋ ಎಂದು ನೀರು ಕೊಟ್ಟೆ. ತಲೆಯಲ್ಲಾಡಿಸಿ ಬೇಡವೆಂದರು. ಹತ್ತಾರು ವರ್ಷ ಹಾಲಿನ ಸಂಘದಲ್ಲಿ ಕೆಲಸ ಮಾಡಿದವರು, ಆ ಕಡೆಯ ಗಿಣ್ಣಿನ ರುಚಿ ನೆನಪಾಗಿರಬಹುದು. ಹಾಗೆಂದು ನನಗೆ ನಾನೇ ಹೇಳಿಕೊಂಡೆ. ಮನೆಗೆ ನಡೆದು ಹೋಗುವಾಗ ಎರಡು ಸಲ ಹಿಂತಿರುಗಿ ನೋಡಿದೆ.

ಮರುದಿನ ನನ್ನ ಹೆಂಡತಿ ಕಾಫಿ ಲೋಟ ಕೊಟ್ಟು, ಚಾಚಿದ ಕೈಯನ್ನು ಹಾಗೇ ಬಿಟ್ಟು ನಿಂತಳು.

"ಏನ್ರೀ ಇದು? ನಾನೇನು ಅರ್ಜಿ ಕೊಟ್ನಾ?"

ನೋಡಿದರೆ ನಾನು ಅವಳ ಬೆರಳು ಒತ್ತುತ್ತಿದ್ದೆ.

ಐದನೆಯ ವಾರ ಅವರು ದಿಂಬಿಗೆ ಒರಗಿ ಕೂರುವಷ್ಟಾದರು. ಮಾತು ಮಾತ್ರ ಬಂದಿರಲಿಲ್ಲ. ಅಷ್ಟರಲ್ಲಿ, ಸಚಿವರು ಹಾಸಿಗೆ ಹಿಡಿದಿದ್ದಾರೆ ಎಂಬ ಗುಸುಗುಸು ಚಿಕ್ಕಬಳ್ಳಾಪುರದ ಪಕ್ಷದ ಕಚೇರಿಯವರೆಗೆ ಮುಟ್ಟಿತು. ಸಂಪುಟದ ಹೊಸ ಪಟ್ಟಿಗೆ ಇನ್ನು ನಾಲ್ಕೇ ದಿನ. ಒಂದು ಸಲ ಜನ ಅವರನ್ನೇ ಕಂಡರೆ ಸಾಕು, ಕುರ್ಚಿ ಉಳಿಯುತ್ತದೆ ಎಂದು ಮನೆಯವರು ಹಟ ಹಿಡಿದರು. ಡಾಕ್ಟರು ಒಂದು ಗಂಟೆ ಕೊಟ್ಟರು. ಕೈವಾರದ ದಾರಿ ಎಂದು ಪಟ್ಟಿ ಟೈಪು ಮಾಡಿದೆ.

ಅವರನ್ನು ಅವರ ಜಾಗದಲ್ಲಿ ಕೂರಿಸಿ ಬೆಲ್ಟು ಬಿಗಿದೆವು. ನಾನು ಪಕ್ಕದಲ್ಲಿ ಕೂತೆ. ಯಾತ್ರಿಕರ ಬಸ್ಸುಗಳು ನಿಲ್ಲುವ ಕಡೆ ಕಾರು ನಿಧಾನವಾಯಿತು, ಜನ ಸೇರಿದರು. ಅವರು ತಾವೇ ಗುಂಡಿ ಒತ್ತಿ ಗಾಜನ್ನು ಒಂದು ಗೇಣು ಇಳಿಸಿದರು. ಐದು ವಾರದಲ್ಲಿ ಮೊದಲ ಸಲ ಅವರ ಕಣ್ಣಿನಲ್ಲಿ ಹಳೆಯ ಚುರುಕು ಕಂಡಿತು. ಎಡಗೈಯನ್ನು ಹೊರಗೆ ಚಾಚಿದರು.

ಮುಂದೆ ನಿಂತಿದ್ದ ಮುದುಕ ಅರ್ಜಿಯನ್ನು ಎದೆಗೆ ಒತ್ತಿಕೊಂಡು ಹಿಂದೆ ಸರಿದ.

"ಎಡಗೈ ಯಾಕಪ್ಪ ಚಾಚ್ತಾರೆ?" ಎಂದು ಬಗ್ಗಿ ಒಳಗೆ ಇಣುಕಿದ. ಸೊಟ್ಟಗಾಗಿದ್ದ ಆ ಮುಖವನ್ನು ಒಂದು ಗೇಣಿನ ದೂರದಿಂದ ನೋಡಿದ. "ಇವ್ರು ಯಾರೋ ಬೇರೆ. ಸಾಹೇಬ್ರು ಬಂದಿಲ್ವಾ?"

"ಏ ತಾತ, ಸಾಹೇಬ್ರೇ ಕಣೋ ಇವ್ರು!" ಡ್ರೈವರ್ ಕೂಗಿದ.

"ಹೋಗಯ್ಯ ಕಂಡಿದೀನಿ. ಮೊನ್ನೆ ತಾನೇ ನನ್ನ ಮಾತಾಡ್ಸಿದ್ರು. ಅವ್ರು ಬರ್ಲಿ, ಅವ್ರಿಗೇ ಕೊಡ್ತೀನಿ."

ಅವನ ಹಿಂದಿದ್ದವರೂ ಕಾಗದಗಳನ್ನು ಮಡಿಸತೊಡಗಿದರು. ಆ ಕ್ಷಣದಲ್ಲಿ ನಾನು ಯೋಚಿಸಿ ಮಾಡಿದ್ದು ಏನೂ ಇಲ್ಲ. ನನ್ನ ಬಲಗೈ ಅವರ ಎದೆಯನ್ನು ದಾಟಿ ಗಾಜಿನ ಸಂದಿನಿಂದ ಹೊರಗೆ ಹೋಯಿತು.

"ಹಾ, ಬಂದ್ರು ನೋಡು," ಅಂದ ಮುದುಕ. ಅರ್ಜಿ ಕೊಟ್ಟು, ಬೆರಳನ್ನು ಕಣ್ಣಿಗೆ ಒತ್ತಿಕೊಂಡ. ಹಿಂದೆಯೇ ಎಲ್ಲರೂ ನುಗ್ಗಿ ಬಂದರು. ಅಷ್ಟು ಹೊತ್ತೂ ಸಚಿವರು ತಮ್ಮ ಎದೆಯ ಮೇಲೆ ಹೋಗಿಬರುತ್ತಿದ್ದ ಆ ಕೈಯನ್ನೇ ನೋಡುತ್ತಿದ್ದರು.

ಮನೆಗೆ ಬಂದು ಕಾಗದ ಕೇಳಿದರು. ಎಡಗೈಯಲ್ಲಿ ಸೊಟ್ಟಸೊಟ್ಟಗೆ 'ರಾಜೀನಾಮೆ' ಎಂದು ಬರೆದರು. ಮನೆಯವರು, "ನಾಲ್ಕೇ ದಿನ ಕಣ್ರೀ, ತಡಕೊಳಿ," ಎಂದು ಕಾಲು ಹಿಡಿದರೂ ಕೇಳಲಿಲ್ಲ. ಅನಾರೋಗ್ಯದ ಕಾರಣ ಎಂದು ಮೂರು ಸಾಲು ಟೈಪು ಮಾಡಿದೆ. ಎಡಗೈಯಲ್ಲೇ ಸಹಿ ಹಾಕಿದರು. ಅವತ್ತೇ ಕಳಿಸಿದೆ.

ಮರುದಿನ ಹನ್ನೊಂದಕ್ಕೆ ಬೆಂಗಳೂರಿನಿಂದ ಫೋನು ಬಂತು. ಅತ್ತಲಿನವರು ಮರ್ಯಾದೆಯಿಂದಲೇ ಮಾತಾಡಿದರು.

"ಈ ಸಹಿ ಸಚಿವರದಲ್ಲ. ಹೋದ ವಾರವೂ ಅವರ ಪತ್ರಗಳು ಬಂದಿವೆ, ಹೋಲಿಸಿ ನೋಡಿದೀವಿ. ಯಾರೋ ಕುಚೇಷ್ಟೆ ಮಾಡಿರೋ ಹಾಗಿದೆ. ದಯವಿಟ್ಟು ಸಚಿವರ ಕೈಯಿಂದಲೇ ಸಹಿ ಮಾಡಿಸಿ ಕಳಿಸಿ."

ಹೋಗಿ ಅವರಿಗೆ ಹೇಳಿದೆ. ಅವರು ಪೆನ್ನನ್ನು ನನ್ನ ಕಡೆ ತಳ್ಳಿದರು. ನಾನು ಹೊಸ ಪ್ರತಿ ತೆಗೆದು ಸಹಿ ಹಾಕಿದೆ. ಅವರು ಕಾಗದವನ್ನು ಕಿಟಕಿಯ ಬೆಳಕಿಗೆ ಹಿಡಿದು, ಒಂದೊಂದೇ ಅಕ್ಷರ ನೋಡಿ, ಸರಿಯಾಗಿದೆ ಎಂದು ತಲೆಯಾಡಿಸಿದರು. ಮಧ್ಯಾಹ್ನ ಮೂರರ ಹೊತ್ತಿಗೆ ರಾಜೀನಾಮೆ ಅಂಗೀಕಾರವಾಯಿತು.