ಬಿಡದೆ ಕೂಗಿದ ಹಾರ್ನ್

ನಮ್ಮಲ್ಲಿ ಡ್ರೈವರ್ ಸತ್ತರೂ ಮೆಕ್ಯಾನಿಕ್ ಸತ್ತರೂ ಹೆಣದ ಹಿಂದೆ ಟ್ಯಾಕ್ಸಿಗಳು ಸಾಲುಗಟ್ಟಿ ಹಾರ್ನ್ ಹೊಡೆಯುತ್ತ ಹೋಗಬೇಕು. ಹಾಗೆ ಕಳಿಸದಿದ್ದರೆ ಸತ್ತವನಿಗೆ ಅವಮಾನ. ಅನಾನೆ ಮೇಸ್ತ್ರಿಯ ಹೆಣ ಎತ್ತಿದ ದಿನ ನಲವತ್ತು ಟ್ಯಾಕ್ಸಿ ಬಂದಿದ್ದವು. ಒಬ್ಬನಿಗೂ ಒತ್ತಲು ನಾನು ಬಿಡಲಿಲ್ಲ. ರಸ್ತೆಗೆ ಅಡ್ಡ ನಿಂತು, "ಯಾವನಾದ್ರೂ ಹಾರ್ನ್ ಮುಟ್ಟಿದ್ರೆ ಕೈ ಮುರಿದು ಹಾಕ್ತೀನಿ" ಎಂದೆ. ಮುದುಕಿಗೆ ತಲೆ ಕೆಟ್ಟಿದೆ ಎಂದರು. ಅನ್ನಲಿ ಬಿಡಿ. ಯಾರ ತಲೆ ಕೆಟ್ಟಿತ್ತು ಎಂಬುದನ್ನು ಹೇಳುತ್ತೇನೆ, ಕೂತು ಕೇಳಿ.

ನಾನು ಡುಫಿಯೆ. ಕುಮಾಸಿ ಪಟ್ಟಣದ ಸುವಾಮೆ ಪೇಟೆಯಲ್ಲಿ, ಟ್ಯಾಕ್ಸಿ ನಿಲ್ದಾಣದ ಬಾಯಲ್ಲೇ, ಮೂವತ್ತು ವರ್ಷದಿಂದ ಫುಫು ಕುಟ್ಟಿ ಮಾರುತ್ತಿದ್ದೇನೆ. ಮರಗೆಣಸು, ಬಾಳೆಕಾಯಿ ಬೇಯಿಸಿ ಒರಳಿಗೆ ಹಾಕಿ, ಆಳೆತ್ತರದ ಒನಕೆಯಲ್ಲಿ ಕುಟ್ಟಿದರೆ ಮುದ್ದೆ; ಜೊತೆಗೆ ಆಡಿನ ಸಾರು. ರಸ್ತೆಯ ಆಚೆ ಬದಿಯಲ್ಲಿ ಅನಾನೆಯ ತಗಡಿನ ಶೆಡ್ಡು. ಕಾರಿನ ವೈರಿಂಗ್ ಕೆಲಸ ಅವನದು. ಒಣಕಲು ದೇಹ, ಎಡಗಣ್ಣು ಸ್ವಲ್ಪ ಮೆಳ್ಳೆ, ಬಾಯಲ್ಲಿ ಸದಾ ಒಂದು ತುಂಡು ತಾಮ್ರದ ತಂತಿ. ನನಗಿಂತ ನಾಲ್ಕು ವರ್ಷ ಚಿಕ್ಕವನು, ನನ್ನನ್ನು ಅಕ್ಕಾ ಎನ್ನುತ್ತಿದ್ದ.

ಆಗಿನ ಕಾಲದ ಮಾತು ಮೊದಲು ಹೇಳಬೇಕು. ಒಂದೇ ಮಳೆಗಾಲದಲ್ಲಿ ನಮ್ಮ ನಿಲ್ದಾಣದ ಮೂವರು ಡ್ರೈವರುಗಳನ್ನು ಕುತ್ತಿಗೆಗೆ ಹಗ್ಗ ಬಿಗಿದು ಕೊಂದು ಕಾರು ಕದ್ದೊಯ್ದಿದ್ದರು. ಪೊಲೀಸರು ಬಂದು ಬರೆದುಕೊಂಡು ಹೋದರು, ಅಷ್ಟೇ. ಆಮೇಲೆ ಡ್ರೈವರುಗಳ ಸಂಘದವರು ಕೂತು ಒಂದು ಕಟ್ಟಳೆ ಮಾಡಿದರು. ಕಳ್ಳ ಕೈ ಹಾಕಿದರೆ ಹಾರ್ನ್ ಒತ್ತಬೇಕು, ಬಿಡಬಾರದು. ಬಿಡದೆ ಕೂಗುವ ಹಾರ್ನ್ ಕೇಳಿದವರೆಲ್ಲ ಕೈಗೆ ಸಿಕ್ಕಿದ್ದು ಹಿಡಿದು ಓಡಬೇಕು. ಮೊದಲು ಏಟು, ಆಮೇಲೆ ಮಾತು. ಇಬ್ಬರು ಕಳ್ಳರು ಹಾಗೆಯೇ ಸತ್ತರು. ಆಮೇಲೆ ಕಳ್ಳತನ ನಿಂತಿತು. ನಾವೆಲ್ಲ ಬೀಗಿದೆವು. ನಾನೂ ಬೀಗಿದೆ, ಸುಳ್ಳು ಏಕೆ ಹೇಳಲಿ.

ಹತ್ತೊಂಬತ್ತು ವರ್ಷದ ಹಿಂದೆ, ಒಂದು ಗುರುವಾರ ಹಗಲು, ಊಟದ ಹೊತ್ತು. ನಿಲ್ದಾಣದಿಂದ ಎಡಕ್ಕೆ ತಿರುಗುತ್ತಿದ್ದ ಒಂದು ಹಳೇ ಟ್ಯಾಕ್ಸಿ ಇದ್ದಕ್ಕಿದ್ದಂತೆ ಕೂಗತೊಡಗಿತು. ನಿಲ್ಲಲೇ ಇಲ್ಲ. ಒಳಗಿದ್ದವನು ಯಾರಿಗೂ ಗುರುತಿಲ್ಲದ ಮುಖ. ಹೆದರಿ ಸ್ಟಿಯರಿಂಗಿಗೆ ಗುದ್ದಿದ, ಮತ್ತೆ ಗುದ್ದಿದ, ಕೊನೆಗೆ ಬಾಗಿಲು ತೆರೆದು ಓಡಿದ. ಓಡಿದವನು ಕಳ್ಳನಲ್ಲದೆ ಇನ್ನೇನು?

"ಅಕ್ಕಾ, ಒನಕೆ ಕೊಡು!" ಎಂದು ಅನಾನೆ ಹಾರಿ ಬಂದ.

ಕೊಟ್ಟೆ. ಕುಟ್ಟುತ್ತಿದ್ದ ಹಿಟ್ಟು ಅಂಟಿದ್ದ ಹಾಗೆಯೇ ಕೊಟ್ಟೆ. "ಕಾಲಿಗೆ ಹಾಕು, ಓಡಬಾರದು" ಎಂದೂ ಹೇಳಿದೆ.

ಅನಾನೆ ಕಾಲಿಗೇ ಹಾಕಿದ. ಮಂಡಿ ಮುರಿದ ಸದ್ದು ನನ್ನ ಒಲೆಯ ತನಕ ಕೇಳಿತು. ಬಿದ್ದವನ ಮೇಲೆ ಕಲ್ಲು, ಜಾಕಿಯ ಸರಳು, ಬೂಟುಗಾಲು. ಯಾರೋ ಬಾಯಿಗೆ ಒದ್ದರು, ಹಲ್ಲು ನನ್ನ ಬೆಂಚಿನ ಕೆಳಗೆ ಬಂದು ಬಿತ್ತು. ಅವನು ಏನೋ ಹೇಳುತ್ತಿದ್ದ. ಹಾರ್ನ್ ಕೂಗುತ್ತಿತ್ತಲ್ಲ, ಯಾರಿಗೆ ಕೇಳಬೇಕು? ಹತ್ತು ಜನ ಸೇರಿದರೆ ಹಾವು ಸಾಯುವುದಿಲ್ಲ ಅನ್ನುತ್ತಾರೆ. ಮನುಷ್ಯ ಸಾಯುತ್ತಾನೆ. ಬ್ಯಾಟರಿ ಸೋತು ಹಾರ್ನ್ ಗೊಗ್ಗರಾಗಿ ನಿಲ್ಲುವ ಮೊದಲೇ ಸತ್ತಿದ್ದ.

ಕ್ಷೌರ ಮಾಡಿಸಿಕೊಳ್ಳಲು ಹೋಗಿದ್ದ ಕಾರಿನ ಮಾಲೀಕ ಅರ್ಧ ಬೋಳಿಸಿದ ತಲೆಯಲ್ಲೇ ಓಡಿ ಬಂದ. "ಅಯ್ಯೋ ಪಾಪಿಗಳಾ, ಇವನು ನನ್ನ ಬದಲಿ ಡ್ರೈವರ್ ಕಣ್ರೋ! ಟಾವಿಯಾ! ಸೋಮವಾರ ತಾನೇ ಕೆಲಸಕ್ಕೆ ಸೇರಿದ್ದ!" ಎಂದು ಎದೆ ಬಡಿದುಕೊಂಡ. ತಿರುಗಿ ನೋಡುವಷ್ಟರಲ್ಲಿ ರಸ್ತೆಯಲ್ಲಿ ಒಬ್ಬನೂ ಇರಲಿಲ್ಲ. ಪೊಲೀಸರು ಕೇಳಿದಾಗ ಎಲ್ಲರಿಗೂ ಆ ಹೊತ್ತಿನಲ್ಲಿ ಕಣ್ಣು ಹೋಗಿತ್ತು.

ಮರುದಿನ ಬೆಳಿಗ್ಗೆ ಊಟದ ತಟ್ಟೆ ಹಿಡಿದು ಶೆಡ್ಡಿಗೆ ಹೋದೆ. ಅನಾನೆ ಅದೇ ಟ್ಯಾಕ್ಸಿಯ ಸ್ಟಿಯರಿಂಗ್ ಬಿಚ್ಚಿಕೊಂಡು ಕೂತಿದ್ದ. ಹಾರ್ನಿನ ಗುಂಡಿಯಿಂದ ಸ್ಟಿಯರಿಂಗ್ ಕೊಳವೆಯ ಒಳಗೆ ಇಳಿಯುವ ವೈರು ಅವನ ಕೈಯಲ್ಲಿತ್ತು. ಎರಡು ವಾರದ ಹಿಂದೆ ಅದು ತುಂಡಾಗಿತ್ತು. ಹೊಸ ವೈರು ಎಳೆಯಲು ಸೋಮಾರಿತನವಾಗಿ, ತುದಿಗಳನ್ನು ಹೊಸೆದು ಟೇಪು ಸುತ್ತಿ ಕಳಿಸಿದ್ದವನು ಅನಾನೆಯೇ. ಬಿಸಿಲಿಗೆ ಟೇಪಿನ ಅಂಟು ಕರಗಿ ತಾಮ್ರ ಹೊರಗೆ ಬಂದಿತ್ತು. ಎಡಕ್ಕೆ ಪೂರ್ತಿ ತಿರುಗಿಸಿದರೆ ಅದು ಕೊಳವೆಯ ಕಬ್ಬಿಣಕ್ಕೆ ತಾಗುತ್ತಿತ್ತು. ತಾಗಿದರೆ ಯಾರೂ ಒತ್ತದೆಯೇ ಹಾರ್ನ್ ಕೂಗುತ್ತದೆ.

"ಅಕ್ಕಾ, ಅವನನ್ನ ನಾನೇ ಎರಡು ಸಲ ಕೊಂದೆ. ಒಂದು ಸಲ ಇದರಲ್ಲಿ, ಇನ್ನೊಂದು ಸಲ ನಿನ್ನ ಒನಕೇಲಿ. ಹೋಗಿ ಹೇಳಿಬಿಡ್ತೀನಿ."

"ಬಾಯಿ ಮುಚ್ಚು" ಎಂದೆ. "ನಿನಗೆ ಹೆಂಡತಿ ಇದ್ದಾಳೆ, ಹೊಟ್ಟೇಲಿ ಮಗು ಇದೆ. ನೀನು ಹೇಳಿದ್ರೆ ನನ್ನ ಒನಕೇನೂ ಎಳೀತಾರೆ. ಸತ್ತೋನು ಎದ್ದು ಬರ್ತಾನಾ? ಊಟ ಮಾಡು."

ಊಟ ಮಾಡು ಎಂದವಳು ನಾನು. ಆ ಮಾತು ನೆನಪಾದರೆ ಇವತ್ತಿಗೂ ನನ್ನ ನಾಲಿಗೆ ಕಿತ್ತು ಹಾಕಬೇಕು ಅನ್ನಿಸುತ್ತದೆ.

ನಲವತ್ತು ದಿನದ ಕಾರ್ಯ ಮುಗಿಸಿ ಟಾವಿಯಾನ ತಾಯಿ ಬಂದಳು. ಕಪ್ಪು ಬಟ್ಟೆ, ಬರಿಗಾಲು. ನನ್ನ ಬೆಂಚಿನ ಮೇಲೆಯೇ ಕೂತು ನೀರು ಕೇಳಿ ಕುಡಿದಳು. "ತಾಯಿ, ನೀನು ಇಲ್ಲೇ ಇರೋಳು. ನನ್ನ ಮಗ ಏನು ಕದ್ದ?" ಎಂದು ಕೇಳಿದಳು. ಕುಂಬಳಕಾಯಿ ಕಳ್ಳ ಅಂದರೆ ಹೆಗಲು ಮುಟ್ಟಿ ನೋಡಿಕೊಳ್ಳುವ ಜಾತಿ ನಮ್ಮದು. ನಾನು ಒನಕೆಯನ್ನು ಸೆರಗಿನಲ್ಲಿ ಒರೆಸುತ್ತ, "ಗೊತ್ತಿಲ್ಲಮ್ಮ, ನಾನು ಅವತ್ತು ಅಂಗಡಿ ತೆಗೆದಿರಲಿಲ್ಲ" ಎಂದೆ. ಅವಳು ಎದ್ದಳು. ನೀರಿನ ಲೋಟವನ್ನು ತೊಳೆದಿಟ್ಟು ಹೋದಳು.

ಆಮೇಲೆ ಅನಾನೆ ಬೇರೆಯೇ ಮನುಷ್ಯನಾದ. ಲೈಟು ಕೆಟ್ಟಿದೆ ಎಂದು ಕಾರು ತಂದರೂ ಮೊದಲು ಸ್ಟಿಯರಿಂಗ್ ಬಿಚ್ಚಿ ಹಾರ್ನಿನ ವೈರು ನೋಡುತ್ತಿದ್ದ. ಅದಕ್ಕೆ ಕಾಸು ತೆಗೆದುಕೊಳ್ಳುತ್ತಿರಲಿಲ್ಲ. ಜನ 'ಹಾರ್ನ್ ಹುಚ್ಚ' ಎಂದು ಹೆಸರಿಟ್ಟರು. ಮೂಕ ಹಾರ್ನ್ ಬಂದರೆ ಅವನದು ಒಂದೇ ಕ್ರಮ. ಬ್ಯಾಟರಿಯಿಂದ ನೇರ ವೈರು ಎಳೆದು ಹಾರ್ನಿಗೆ ಮುಟ್ಟಿಸುವುದು. ಕೂಗಿದರೆ ಹಾರ್ನ್ ಸರಿ ಇದೆ. ಆಮೇಲೆ ಫ್ಯೂಸು. ಆಮೇಲೆ ಹಾರ್ನಿಗೆ ಕರೆಂಟು ಬಿಡುವ ರಿಲೇ ಡಬ್ಬಿಗೆ ಕಿವಿ ಇಟ್ಟು ಟಿಕ್ ಎನ್ನುತ್ತದೆಯೇ ಎಂದು ಕೇಳುವುದು. ಕೊನೆಗೆ ಗುಂಡಿ, ಕೊಳವೆ. ಸ್ಟಿಯರಿಂಗ್ ಎಡಕ್ಕೆ ಪೂರ್ತಿ, ಬಲಕ್ಕೆ ಪೂರ್ತಿ. ಬಿಡದೆ ಕೂಗುವ ಹಾರ್ನ್ ಬಂದರೆ ಮಾತ್ರ ಯೋಚನೆಯೇ ಇಲ್ಲ. "ಮೊದಲು ಬಾಯಿ ಮುಚ್ಚಿಸು, ಆಮೇಲೆ ರೋಗ ಹುಡುಕು" ಎನ್ನುತ್ತ ಬಾನೆಟ್ ಎತ್ತಿ, ಮುಂದಿನ ಜಾಲರಿಯ ಹಿಂದಿರುವ ಹಾರ್ನಿನಿಂದ ವೈರು ಕಿತ್ತು ಬಿಡುತ್ತಿದ್ದ. ನೋಡಿ ನೋಡಿ ನನಗೇ ಬಾಯಿಪಾಠವಾಗಿತ್ತು.

ಕಟ್ಟಳೆ ತೆಗೆಯಿರಿ ಎಂದು ವರ್ಷಕ್ಕೊಮ್ಮೆ ಸಂಘದ ಮುಂದೆ ನಿಲ್ಲುತ್ತಿದ್ದ. ಕಾರ್ಯದರ್ಶಿ ಬೋವಾದಿ, ಎಮ್ಮೆಯಂಥ ಆಳು, ನಗುತ್ತಿದ್ದ. "ಏನ್ ಮೇಸ್ತ್ರಿ, ಕಳ್ಳರ ಹತ್ರ ಕಮಿಷನ್ ಗಿಮಿಷನ್ ತಗೊಂಡಿದ್ದೀಯಾ?" ಎಲ್ಲರೂ ಹೋ ಎನ್ನುತ್ತಿದ್ದರು. ಯಾಕೆ ತೆಗೆಯಬೇಕು ಎಂಬ ಪ್ರಶ್ನೆಗೆ ಅನಾನೆಯ ಬಳಿ ಇದ್ದ ಒಂದೇ ಉತ್ತರವನ್ನು ನಾನು ಬಾಯಿ ಮುಚ್ಚು ಎಂದು ಮುಚ್ಚಿಸಿದ್ದೆನಲ್ಲ.

ಹೋದ ಧೂಳುಗಾಳಿಯ ಕಾಲ. ಉತ್ತರದ ಕಡೆಯಿಂದ ಈರುಳ್ಳಿ ಹೇರಿಕೊಂಡು ಬಂದ ಬುಕಾರಿ ಎಂಬವನು ಹಳೇ ಕಾರೊಂದನ್ನು ಅನಾನೆಯ ಶೆಡ್ಡಿನ ಮುಂದೆ ನಿಲ್ಲಿಸಿದ. ಕೆನ್ನೆಯ ಮೇಲೆ ಅವರ ಕುಲದ ಗೀರುಗಳು, ನಯವಾದ ಮಾತು. ಹಾರ್ನ್ ಸತ್ತಿದೆ, ಮುಂದಿನ ತಪಾಸಣೆಯಲ್ಲಿ ಪೊಲೀಸರು ಹಿಡಿಯುತ್ತಾರೆ ಎಂದ. ಅನಾನೆ ತನ್ನ ಕ್ರಮದಂತೆ ನೋಡುತ್ತ ಹೋದ. ಹಾರ್ನ್ ಸರಿ, ಫ್ಯೂಸು ಸರಿ, ರಿಲೇ ಸರಿ. ಗುಂಡಿ ಬಿಚ್ಚಿದರೆ, ಒಳಗೆ ಕರೆಂಟು ದಾಟಿಸುವ ತಾಮ್ರದ ಸಣ್ಣ ಮೊಳೆ ಸವೆದು ಹೋಗಿದೆ.

"ಐದು ನಿಮಿಷ. ಗುಜರಿ ಅಂಗಡೀಲಿ ಸಿಗುತ್ತೆ" ಎಂದ. "ಅಣ್ಣಾ, ಅಲ್ಲಿ ತನಕ ಸ್ಟಿಯರಿಂಗ್ ಮುಟ್ಟಬೇಡ."

ಗುಂಡಿ ಬಿಚ್ಚಿಟ್ಟು ಹೋಗುವಾಗಲೆಲ್ಲ ಹಾರ್ನಿಗೆ ಹೋಗುವ ವೈರು ಕಿತ್ತಿಡುತ್ತಿದ್ದವನು ಅವತ್ತು ಕೀಳದೆ ಹೋದ. ಹತ್ತೊಂಬತ್ತು ವರ್ಷದಲ್ಲಿ ಒಂದೇ ಒಂದು ಸಲ ಮರೆತ.

ಅಷ್ಟರಲ್ಲಿ ಮರದ ದಿಮ್ಮಿಯ ಲಾರಿ ಬಂತು. "ಏಯ್ ಈರುಳ್ಳೀ! ರಸ್ತೆ ನಿಮ್ಮಪ್ಪಂದಾ?" ಎಂದು ಲಾರಿಯವನು ಬೈದ. ಪಾಪ ಬುಕಾರಿ, ನಾಲ್ಕು ಮಾರು ಸರಿಸೋಣವೆಂದು ಎತ್ತಿದ ಬಾನೆಟ್ಟಿನಲ್ಲೇ ಕಾರು ಚಾಲೂ ಮಾಡಿ ಎಡಕ್ಕೆ ತಿರುಗಿಸಿದ. ನೇತಾಡುತ್ತಿದ್ದ ಬರಿ ವೈರು ಕೊಳವೆಗೆ ಸಿಕ್ಕಿಕೊಂಡಿತು. ಹಾರ್ನ್ ಕೂಗಿತು, ನಿಲ್ಲಲಿಲ್ಲ. ಅದೇ ಊಟದ ಹೊತ್ತು. ಗುರುತಿಲ್ಲದ ಮುಖ, ಬಿಚ್ಚಿದ ಸ್ಟಿಯರಿಂಗ್, ಹೊರಗೆ ನೇತಾಡುವ ವೈರುಗಳು. ಕಳ್ಳ ಹೇಗಿರುತ್ತಾನೆ ಎಂದು ಕೇಳಿದ್ದರೆ ಸುವಾಮೆಯವರು ಹಾಗೆಯೇ ಹೇಳುತ್ತಿದ್ದರು.

ಬೋವಾದಿ ಕಿಟಕಿಯಿಂದಲೇ ಕೈ ಹಾಕಿ ಬುಕಾರಿಯ ಕೊರಳುಪಟ್ಟಿ ಹಿಡಿದು ಎಳೆದ. ಗಾಜು ಒಡೆದು ಮುಖವೆಲ್ಲ ರಕ್ತ. ಇಪ್ಪತ್ತು ಜನ, ನಲವತ್ತು ಜನ. ಜಾಕಿಯ ಸರಳು ಬಿತ್ತು, ಬುಕಾರಿಯ ತೋಳು ಮೊಳಕೈಯ ಮೇಲೆ ಮಡಿಚಿಕೊಂಡಿತು. ಯಾರೋ ಟೈರು ಉರುಳಿಸಿಕೊಂಡು, ಇನ್ಯಾರೋ ಪೆಟ್ರೋಲಿನ ಡಬ್ಬಿ ಹಿಡಿದುಕೊಂಡು ಬಂದರು. ಟೈರು ಯಾಕೆ ಎಂದು ನಮ್ಮಲ್ಲಿ ಯಾರೂ ಕೇಳುವುದಿಲ್ಲ.

"ಅಕ್ಕಾ, ಒನಕೆ!" ಎಂದು ಒಬ್ಬ ಕೈ ಚಾಚಿದ.

"ನಿನ್ನ ಹೆಣಕ್ಕೆ ಬೆಂಕಿ ಹಾಕ! ಹೋಗೋ ಆಚೆ!" ಎಂದು ಒನಕೆಯನ್ನು ಎದೆಗೆ ಅಪ್ಪಿ ನಿಂತೆ. ಎಲ್ಲಿ ಕೇಳುತ್ತದೆ? ನನ್ನ ಮಾತು ನನಗೇ ಕೇಳಲಿಲ್ಲ.

ಆಗ ಅನಾನೆ ಬಂದ. ಗುಂಪನ್ನು ಬಗೆದುಕೊಂಡು ಒಳನುಗ್ಗಿ ಬುಕಾರಿಯ ಮೇಲೆ ಕವುಚಿ ಬಿದ್ದ. ಬಾಯಿ ಅಗಲಿಸಿ ಏನೋ ಕೂಗುತ್ತಿದ್ದ. ಏಟುಗಳು ಅವನ ಬೆನ್ನಿಗೆ ಬೀಳತೊಡಗಿದವು. ಕಳ್ಳನ ಜೊತೆಗಾರ ಎಂದುಕೊಂಡರೋ, ಹಾರ್ನ್ ಹುಚ್ಚನ ಹಳೇ ಹಟ ಎಂದುಕೊಂಡರೋ, ಹೊಡೆಯುವ ಕೈಗೆ ಯೋಚನೆ ಎಲ್ಲಿಯದು! ಹಾರ್ನ್ ನಿಲ್ಲಿಸಲು ಅವನು ಎದ್ದರೆ ಬುಕಾರಿ ಸಾಯುತ್ತಾನೆ. ಏಳದಿದ್ದರೆ ಹಾರ್ನ್ ನಿಲ್ಲುವುದಿಲ್ಲ, ಇನ್ನೂ ಜನ ಬರುತ್ತಾರೆ. ಕಾಲುಗಳ ನಡುವಿನಿಂದ ಅವನ ಆ ಮೆಳ್ಳೆಗಣ್ಣು ನನ್ನನ್ನು ಹುಡುಕಿತು. ಗಲ್ಲದಿಂದ ಕಾರಿನ ಮೂತಿ ತೋರಿಸಿದ.

ನಾನು ಓಡಿದೆ. ವೈರು ಕೀಳಬೇಕು ಎಂದು ಗೊತ್ತಿತ್ತು. ಬಾನೆಟ್ಟಿನೊಳಗೆ ಎಲ್ಲ ಒಂದೇ ಬಣ್ಣದ ವೈರು, ಎಲ್ಲಕ್ಕೂ ಧೂಳು, ಹಾರ್ನಿನದು ಯಾವುದೋ ಗೊತ್ತಾಗಲಿಲ್ಲ. ಒನಕೆ ಎತ್ತಿದೆ. ಮೂವತ್ತು ವರ್ಷ ಕುಟ್ಟಿದ ತೋಳು ನನ್ನದು. ಮೊದಲ ಏಟಿಗೆ ಜಾಲರಿ, ಎರಡನೆಯದಕ್ಕೆ ತಗಡು, ಮೂರನೆಯದಕ್ಕೆ ಹಾರ್ನ್.

ಸದ್ದು ನಿಂತಿತು. ಎತ್ತಿದ ಕೈಗಳು ಎತ್ತಿದಲ್ಲೇ ನಿಂತವು. ಆ ಮೌನದಲ್ಲಿ ಬುಕಾರಿಯ ನರಳಾಟ ಕೇಳಿತು, ಅದರ ಮೇಲೆ ಅನಾನೆಯ ಮಾತು ಕೇಳಿತು. ತಲೆಯ ಹಿಂಭಾಗ ಒಡೆದಿತ್ತು, ಮಾತು ಮಾತ್ರ ಸ್ಪಷ್ಟವಾಗಿತ್ತು.

"ಇವನು ನನ್ನ ಗಿರಾಕಿ ಕಣ್ರೋ. ವೈರು ಬಿಚ್ಚಿಟ್ಟೋನು ನಾನು. ಟಾವಿಯಾನ ಕಾರಿಗೆ ಕೆಟ್ಟ ಟೇಪು ಸುತ್ತಿದ್ದೂ ನಾನೇ. ಅವನೂ ಕಳ್ಳ ಅಲ್ಲ. ಮಂಡಿ ಮುರಿದೋನೂ ನಾನೇ." ಬಿಗಿಹಿಡಿದ ಮುಷ್ಟಿ ತೆರೆದು ತೋರಿಸಿದ. ತಾಮ್ರದ ಹೊಸ ಮೊಳೆ ಅಂಗೈಯಲ್ಲಿ ಊರಿಹೋಗಿತ್ತು.

ಬುಕಾರಿ ಬದುಕಿದ. ತೋಳು ಸೊಟ್ಟಗೆ ಕೂಡಿಕೊಂಡಿದೆ. ಅನಾನೆ ಆಸ್ಪತ್ರೆಯಲ್ಲಿ ಮೂರನೆಯ ದಿನ ಹೋದ. ಅವನ ತಲೆ ಒಡೆದ ಸರಳು ಯಾರದೆಂದು ಈ ಸಲವೂ ಯಾರಿಗೂ ಗೊತ್ತಿಲ್ಲ. ಅದೇ ಜನ, ಅದೇ ಬೋವಾದಿ, ಸೂತಕದ ಕೆಂಪು ಕಪ್ಪು ಬಟ್ಟೆ ಸುತ್ತಿಕೊಂಡು, ನಲವತ್ತು ಟ್ಯಾಕ್ಸಿ ತಂದು, ಮರ್ಯಾದೆಯಿಂದ ಹಾರ್ನ್ ಹೊಡೆಯಲು ನಿಂತಿದ್ದರು! ನಾನು ಬಿಡುತ್ತೇನೆಯೇ? ಹೆಣ ಸದ್ದಿಲ್ಲದೆ ಹೋಯಿತು. ಬೋವಾದಿ ದಾರಿಯುದ್ದಕ್ಕೂ ಬಿಕ್ಕಿ ಬಿಕ್ಕಿ ಅಳುತ್ತಿದ್ದ. ಮುಂದಿನ ವಾರ ಕಟ್ಟಳೆ ತೆಗೆದರು. ಕೋಪದಲ್ಲಿ ಕೊಯ್ದ ಮೂಗು ಅಷ್ಟಕ್ಕೆಲ್ಲ ಮರಳಿ ಬರುತ್ತದೆಯೇ?

ಆಮೇಲೆ ನಾನು ಟಾವಿಯಾನ ಊರಿಗೆ ಹೋದೆ. ಒಂದು ದಿನದ ದಾರಿ. ತಾಯಿ ಬದುಕಿದ್ದಳು, ಕಣ್ಣು ಮಂಜಾಗಿತ್ತು. ನಮ್ಮಲ್ಲಿ ಬಂದವರಿಗೆ ಮೊದಲು ನೀರು ಕೊಟ್ಟು ಆಮೇಲೆ ಬಂದ ಕಾರಣ ಕೇಳುತ್ತಾರೆ. ಅವಳು ನೀರು ಕೊಟ್ಟಳು. ಕುಡಿಯಲಾಗದೆ ಲೋಟ ಹಿಡಿದುಕೊಂಡೇ ಹೇಳಿದೆ.

"ಅಮ್ಮಾ, ನಿಮ್ಮ ಮಗ ಏನೂ ಕದ್ದಿರಲಿಲ್ಲ. ಒನಕೆ ಕೊಟ್ಟೋಳು ನಾನು."

ಅವಳು ತಡವಿ ನನ್ನ ಕೈಯಿಂದ ಲೋಟ ತೆಗೆದುಕೊಂಡಳು.

"ಅವನು ಕದ್ದಿಲ್ಲ ಅಂತ ನನಗೆ ಅವತ್ತೇ ಗೊತ್ತಿತ್ತಮ್ಮ. ಹೆತ್ತೋಳಿಗೆ ಗೊತ್ತಿರಲ್ವಾ? ನಿಮಗೆ ಗೊತ್ತಿದೆಯಾ ಅಂತ ಕೇಳೋಕೆ ಬಂದಿದ್ದೆ" ಎಂದಳು. ನೀರನ್ನು ಅಂಗಳಕ್ಕೆ ಚೆಲ್ಲಿ ಒಳಗೆ ಹೋಗಿ ಬಾಗಿಲು ಹಾಕಿಕೊಂಡಳು.