ಗುಡಿಸದೆ ಬಿಟ್ಟ ಖೋಲಿ

ನಿನ್ನೆ ಕಿಟಕಿ ಒರೆಸುವಾಗ ಬೆರಳಿಗೆ ಕಪ್ಪು ಧೂಳು ಹತ್ತಿತು. ಬಂದರಿನ ಕಲ್ಲಿದ್ದಲಿನ ಪುಡಿ. ಬಂದರಿನ ಪಕ್ಕದ ಈ ಮಂಗೋರ್ ಹಿಲ್‌ನಲ್ಲಿ ಬಾಳುವೆ ಮಾಡಿದವರಿಗೆ ಇದೇನೂ ಹೊಸದಲ್ಲ. ಆದರೆ ಟಿವಿಯಲ್ಲಿ ಮತ್ತೆಲ್ಲೋ ಯುದ್ಧ ಶುರುವಾದ ಸುದ್ದಿ ಬರುತ್ತಿತ್ತು. ಬಟ್ಟೆ ಹಿಡಿದುಕೊಂಡು ಹಾಗೆಯೇ ನಿಂತುಬಿಟ್ಟೆ... ರೊಟ್ಟಿ ಕಾಕು ನೆನಪಾದರು.

ಕಾಕು ನಮ್ಮ ಪಕ್ಕದ ಒಂಟಿ ಕೋಣೆಯ ಖೋಲಿಯಲ್ಲಿದ್ದರು. ವಿಜಯಪುರದ ಕಡೆಯವರು. ಬಂದರಿಗೆ ಕೂಲಿಗೆ ಹೋಗುವವರಿಗೆ ಜೋಳದ ರೊಟ್ಟಿ ಬಡಿದುಕೊಟ್ಟು, ಇದ್ದೊಬ್ಬ ಮಗನನ್ನು ಬೆಳೆಸಿ ಸೈನ್ಯಕ್ಕೆ ಕಳಿಸಿದ ಗಟ್ಟಿಗಿತ್ತಿ. ಧೂಳು ಕಂಡರೆ ಅವರಿಗೆ ಆಗುತ್ತಿರಲಿಲ್ಲ. ನಮ್ಮ ಬಾಗಿಲ ಮುಂದೆಯೂ ತಾವೇ ಗುಡಿಸಿ, "ಹೊಸ ಮದಲಗಿತ್ತಿಗೆ ಕಸ ಕಾಣೂದಿಲ್ಲೇನು?" ಎಂದು ಆಗಷ್ಟೇ ಮದುವೆಯಾಗಿ ಬಂದಿದ್ದ ನನ್ನನ್ನು ಕಾಡುತ್ತಿದ್ದರು.

ಆಗೊಮ್ಮೆ ಯುದ್ಧ ಶುರುವಾದ ದಿನ ಮಗ ರಜೆಯ ಮೇಲೆ ಮನೆಯಲ್ಲೇ ಇದ್ದ. ಬೆಳಿಗ್ಗೆ ಫೋನ್ ಬಂತು, ಕೂಡಲೇ ಗಡಿಗೆ ಹೊರಡಬೇಕು. ಕಾಕು ರೊಟ್ಟಿಯ ಗಂಟು ಕಟ್ಟಿಕೊಟ್ಟು, ಓಣಿಯ ತಿರುವಿನವರೆಗೆ ಹೋಗಿಬಂದು, ಮತ್ತೆ ಒಲೆಯ ಮುಂದೆ ಕೂತರು. ಜನರೆಲ್ಲ ಅಕ್ಕಿ, ಎಣ್ಣೆ ಎಂದು ಅಂಗಡಿಗೆ ಓಡುತ್ತಿದ್ದರು. "ಇವತ್ತರೆ ಬಿಡ್ರಿ ಕಾಕು" ಎಂದೆ.

"ಯುದ್ಧ ಐತಂತ ದುಡಿಯೋರ ಹೊಟ್ಟಿ ಸುಮ್ಮ ಕುಂಡ್ರತೈತೇನವಾ?"

ರೊಟ್ಟಿ ಬಡಿಯುವ ಕೈ ನಿಲ್ಲಲಿಲ್ಲ. ಹಿಟ್ಟಿನ ಮೇಲೆ ಹನಿ ಬೀಳದಂತೆ ಮುಖ ತಿರುಗಿಸಿ ಕಣ್ಣು ಒರೆಸಿಕೊಂಡದ್ದನ್ನು ನಾನೊಬ್ಬಳೇ ನೋಡಿದೆ.

ಯಾರಾದರೂ ಪ್ರಯಾಣ ಹೊರಟರೆ ಅವರ ಬೆನ್ನಿಗೇ ಕಸ ಗುಡಿಸಬಾರದು ಎಂಬುದು ನಮ್ಮ ಕಡೆಯ ರೂಢಿ. ಸ್ವಲ್ಪ ಹೊತ್ತು ಬಿಟ್ಟು ಗುಡಿಸುತ್ತೇವೆ. ಮಧ್ಯಾಹ್ನವಾದರೂ ಕಾಕು ಗುಡಿಸಲು ಏಳದ್ದು ಕಂಡು ನಾನೇ ಕಸಬರಿಗೆ ತೆಗೆದುಕೊಂಡೆ. ಅವರು ನನ್ನ ಕೈ ಹಿಡಿದರು.

"ಬ್ಯಾಡವಾ. ಆಂವ ಇನ್ನ ದಾರ್ಯಾಗ ಅದಾನ."

ಖೋಲಿ ದಿನದಿಂದ ದಿನಕ್ಕೆ ಕಪ್ಪಾಗುತ್ತ ಹೋಯಿತು. ಕೂಲಿಯವರು ಆ ಧೂಳಿನಲ್ಲೇ ನಿಂತು ರೊಟ್ಟಿ ಒಯ್ದರು. ನೋಡುನೋಡುತ್ತ ಓಣಿಯಲ್ಲಿ ಉಳಿದವರೂ ಅಂಗಳ ಗುಡಿಸುವುದು ಬಿಟ್ಟರು. ಕೊನೆಗೊಂದು ಸಂಜೆ, ಗಡಿ ತಲುಪಿದ ಮಗನ ಫೋನ್ ಬಂತು. "ಮುಟ್ಟಿದೇನು? ಉಂಡೇನು?" ಎಂದಷ್ಟೇ ಕೇಳಿದ ಕಾಕು, ಸೆರಗು ಸಿಗಿಸಿಕೊಂಡು ಇಡೀ ಓಣಿಯನ್ನು ತಾವೊಬ್ಬರೇ ಗುಡಿಸಿದರು. ಅಂಥ ಗಟ್ಟಿ ಜೀವವನ್ನು ನಾನು ಮತ್ತೆ ಕಂಡಿಲ್ಲ.

ಯುದ್ಧ ಮುಗಿದು ಮಗ ಸುಖವಾಗಿ ತಿರುಗಿ ಬಂದ. ಹೋದ ವರ್ಷ ಕಾಕುವೇ ಹೋಗಿಬಿಟ್ಟರು... ದೇಹ ಎತ್ತುವಾಗ, ಮನೆ ಗುಡಿಸಿ ತೊಳೆಯಲೆಂದು ಹೆಂಗಸರು ಕಸಬರಿಗೆ, ನೀರು ಹಿಡಿದು ಸಿದ್ಧರಾಗಿದ್ದರು. ಹೆಗಲು ಕೊಡಲು ಬಗ್ಗಿದ ಮಗ ಅವರತ್ತ ತಿರುಗಿದ.

"ಇವತ್ತ ಬ್ಯಾಡ್ರಿ. ಅವ್ವ ಮುಟ್ಟಿದ ಸುದ್ದಿ ಇನ್ನ ಬಂದಿಲ್ಲ."

ಆ ಖೋಲಿಯಲ್ಲಿ ಈಗ ಬೇರೆಯವರಿದ್ದಾರೆ. ಟಿವಿಯ ಆ ಯುದ್ಧಕ್ಕೆ ಯಾರ ಮಕ್ಕಳು ಇನ್ನೂ ದಾರಿಯಲ್ಲಿದ್ದಾರೋ ಎಂದು, ನಿನ್ನೆ ಕಿಟಕಿಯನ್ನು ಅರ್ಧಕ್ಕೇ ಬಿಟ್ಟು ಬಟ್ಟೆ ಮಡಿಚಿಟ್ಟೆ.